ಕೋರ್ಟ್ ಆದೇಶ ಬಂದರೂ ಕೆಲಸ ಕೊಡದ ಮಾಲೀಕರು: ನ್ಯಾಯಾಂಗ ನಿಂದನೆ ಅರ್ಜಿ ಹಾಕುವುದು ಹೇಗೆ

ಕೇಸು ಗೆದ್ದ ದಿನ ಮನೆಗೆ ಸಿಹಿ ತಂದಿರುತ್ತೀರಿ. ಮೂರು ತಿಂಗಳು ಕಳೆದರೂ ಕೆಲಸಕ್ಕೆ ಕರೆ ಬಂದಿಲ್ಲ, ಹಿಂಬಾಕಿ ಸಂಬಳವೂ ಇಲ್ಲ. ಗೇಟಿಗೆ ಹೋದರೆ ಸೆಕ್ಯುರಿಟಿಯವರು "ಮೇಲಿಂದ ನಮಗೇನೂ ಹೇಳಿಲ್ಲ ಸಾರ್" ಅಂತಾರೆ. ಆಗ ಜೊತೆಗಾರರಲ್ಲಿ ಯಾರಾದರೂ ಒಬ್ಬರು ಹೇಳೇ ಹೇಳುತ್ತಾರೆ: "ಕಂಟೆಂಪ್ಟ್ ಹಾಕು, ಓಡಿ ಬರ್ತಾರೆ." ಕಂಟೆಂಪ್ಟ್ ಅಂದರೆ ನ್ಯಾಯಾಂಗ ನಿಂದನೆ ಅರ್ಜಿ.

ಕೆಲವು ಸಲ ನಿಜವಾಗಿಯೂ ಓಡಿ ಬರುತ್ತಾರೆ. ಆದರೆ ಅರ್ಜಿ ಮೊದಲ ದಿನವೇ ಬಿದ್ದುಹೋಗುವುದೂ ಉಂಟು. ಹಾಗೆ ಬೀಳುವುದು ಸಾಮಾನ್ಯವಾಗಿ ವಾದ ಸೋತು ಅಲ್ಲ. ಆದೇಶದ ಪ್ರತಿ ಕೊಟ್ಟಿದ್ದಕ್ಕೆ ಒಂದು ಸೀಲು ಇರುವುದಿಲ್ಲ. ಇಲ್ಲವೇ ವರ್ಷ ದಾಟಿರುತ್ತದೆ. ಇಲ್ಲವೇ ಆದೇಶದಲ್ಲಿ "ಕೆಲಸಕ್ಕೆ ತೆಗೆದುಕೊಳ್ಳಿ" ಅಂತ ಬರೆದೇ ಇರುವುದಿಲ್ಲ. ಹಾಗಾಗಿ ಈ ಬರಹದಲ್ಲಿ ಕೋರ್ಟಿನ ಒಳಗಿನದಕ್ಕಿಂತ ಅಲ್ಲಿಗೆ ಹೋಗುವ ಮುಂಚಿನ ಕೆಲಸಕ್ಕೇ ಜಾಸ್ತಿ ಜಾಗ ಕೊಟ್ಟಿದ್ದೇನೆ.

ಆದೇಶದ ಕೊನೇ ಪುಟದಿಂದ ಶುರು ಮಾಡಿ

1971ರ ನ್ಯಾಯಾಂಗ ನಿಂದನೆ ಕಾಯ್ದೆಯ 2(ಬಿ) ಸೆಕ್ಷನ್ ಪ್ರಕಾರ, ಕೋರ್ಟಿನ ತೀರ್ಪು ಅಥವಾ ಆದೇಶವನ್ನು ಬೇಕಂತಲೇ ಪಾಲಿಸದಿರುವುದು ಸಿವಿಲ್ ನಿಂದನೆ. ಕೋರ್ಟಿಗೆ ಕೊಟ್ಟ ಮಾತನ್ನು ಬೇಕಂತಲೇ ಮುರಿಯುವುದೂ ಅಷ್ಟೇ. "ಆರು ವಾರದಲ್ಲಿ ಬಾಕಿ ಕೊಡುತ್ತೇವೆ" ಎಂದು ಕಂಪನಿಯ ವಕೀಲರು ಹೇಳಿ, ಜಡ್ಜ್ ಅದನ್ನು ಕೊಟ್ಟ ಮಾತು ಎಂದೇ ಆದೇಶದಲ್ಲಿ ದಾಖಲಿಸಿದ್ದರೆ, ಆಮೇಲೆ ಕೈ ಎತ್ತಿದವರ ಮೇಲೂ ಅರ್ಜಿ ಹಾಕಬಹುದು. ಮಧ್ಯಂತರ ಆದೇಶಕ್ಕೂ ಇದೇ ನಿಯಮ.

ಇಲ್ಲಿ ಎಲ್ಲವೂ ನಿಂತಿರುವುದು "ಬೇಕಂತಲೇ" ಎಂಬ ಮಾತಿನ ಮೇಲೆ. ಮಾಡಲು ಆಗದೇ ಇದ್ದದ್ದು, ಆದೇಶವೇ ಎರಡು ಅರ್ಥ ಕೊಡುವಂತಿದ್ದದ್ದು, ಒಂದೆರಡು ವಾರ ತಡವಾದದ್ದು, ಇವಕ್ಕೆಲ್ಲ ಶಿಕ್ಷೆ ಆಗುವುದಿಲ್ಲ. ಅನುಮಾನ ಉಳಿದರೆ ಅದರ ಲಾಭ ಎದುರಿನವರಿಗೆ ಹೋಗುತ್ತದೆ. ಜೈಲಿನ ಮಾತು ಇರುವ ಕಡೆ ಕೋರ್ಟು ಅಷ್ಟು ಬಿಗಿಯಾಗಿಯೇ ಇರುತ್ತದೆ.

ಈಗ ತೀರ್ಪಿನ ಕೊನೇ ಪುಟ ತೆರೆಯಿರಿ. ಮೂವತ್ತು ಪುಟದ ತೀರ್ಪಿನಲ್ಲಿ ನಿಮಗೆ ಬೇಕಾದದ್ದು ಕೊನೆಯ ನಾಲ್ಕೈದು ಸಾಲು ಮಾತ್ರ. ಅಲ್ಲಿ ಈ ಮೂರರಲ್ಲಿ ಯಾವುದಿದೆ ಎಂದು ಪೆನ್ಸಿಲ್ ಹಿಡಿದು ನೋಡಿ.

ಮೊದಲನೆಯದು ನೇರವಾದ ಅಪ್ಪಣೆ: "ಆದೇಶದ ಪ್ರತಿ ತಲುಪಿದ 8 ವಾರದೊಳಗೆ ಅರ್ಜಿದಾರರನ್ನು ಕೆಲಸಕ್ಕೆ ತೆಗೆದುಕೊಳ್ಳಬೇಕು, ಶೇ. 50ರಷ್ಟು ಹಿಂಬಾಕಿ ವೇತನ ಕೊಡಬೇಕು." ಇದಕ್ಕಿಂತ ಒಳ್ಳೆಯ ಆದೇಶ ಬೇಕಿಲ್ಲ.

ಎರಡನೆಯದು "ಪರಿಗಣಿಸಿ" ಎನ್ನುವ ಆದೇಶ. ಇಂಗ್ಲಿಷ್ ತೀರ್ಪಿನಲ್ಲಿ "ಕನ್ಸಿಡರ್" ಎಂಬ ಪದ ಇರುತ್ತದೆ. ಎಷ್ಟೋ ಜನ ಇಲ್ಲೇ ಮೋಸ ಹೋಗುತ್ತಾರೆ. ನಿಮ್ಮ ಮನವಿಯನ್ನು ಪರಿಗಣಿಸಿ ಎಂದಷ್ಟೇ ಕೋರ್ಟ್ ಹೇಳಿದ್ದರೆ, ಆಡಳಿತದವರು ಪರಿಗಣಿಸಿ "ಸಾಧ್ಯವಿಲ್ಲ" ಎಂದು ಹಿಂಬರಹ ಕೊಟ್ಟರೂ ಆದೇಶ ಪಾಲನೆ ಆದಂತೆಯೇ. ಆ ಹಿಂಬರಹ ತಪ್ಪೇ ಇರಬಹುದು. ಆದರೆ ಅದನ್ನು ಹೊಸ ಅರ್ಜಿ ಹಾಕಿ ಪ್ರಶ್ನಿಸಬೇಕು, ನಿಂದನೆ ಅರ್ಜಿಯಲ್ಲಲ್ಲ. ಸುಪ್ರೀಂ ಕೋರ್ಟ್ 1996ರಲ್ಲಿ ಜೆ.ಎಸ್. ಪರಿಹಾರ್ ಪ್ರಕರಣದಲ್ಲಿ ಇದನ್ನು ಹೇಳಿದೆ. ಎದುರಿನ ವಕೀಲರು ಅದನ್ನು ತೋರಿಸದೇ ಬಿಡುವುದಿಲ್ಲ.

ಮೂರನೆಯದು ಬರೀ "ಅರ್ಜಿ ವಜಾ" ಎನ್ನುವುದು. ಲೇಬರ್ ಕೋರ್ಟಿನಲ್ಲಿ ನೀವು ಗೆದ್ದಿರಿ (ಅಲ್ಲಿನ ತೀರ್ಪಿಗೆ ಅವಾರ್ಡ್ ಅನ್ನುತ್ತಾರೆ). ಕಂಪನಿ ಹೈಕೋರ್ಟಿಗೆ ಹೋಯಿತು. ಹೈಕೋರ್ಟ್ ಕಂಪನಿಯ ಅರ್ಜಿಯನ್ನು ವಜಾ ಮಾಡಿತು. ಗೆದ್ದದ್ದು ನಿಜ, ಆದರೆ ಹೈಕೋರ್ಟ್ ಕಂಪನಿಗೆ "ಇಂಥದ್ದು ಮಾಡು" ಎಂದು ಹೇಳಲೇ ಇಲ್ಲ, ಅಲ್ವಾ? ಹೈಕೋರ್ಟಿನ ಯಾವ ಮಾತನ್ನು ಮೀರಿದ್ದಾರೆ ಎಂದು ಕೇಳಿದರೆ ಉತ್ತರ ಕೊಡುವುದು ಕಷ್ಟ. ಅದಕ್ಕೇ ನಾನು ಹೇಳುವುದು: ಹೈಕೋರ್ಟಿನಲ್ಲಿ ತೀರ್ಪು ಬರೆಸುವ ದಿನವೇ "ಅವಾರ್ಡ್ ಜಾರಿಗೆ ಇಷ್ಟು ವಾರ ಅಂತ ಗಡುವು ಹಾಕಿ ಸ್ವಾಮಿ" ಎಂದು ನಿಮ್ಮ ವಕೀಲರಿಂದ ಕೇಳಿಸಿ. ಆ ಒಂದು ಸಾಲು ಮುಂದೆ ಎರಡು ವರ್ಷ ಉಳಿಸಬಹುದು.

ಯಾವ ಬಾಗಿಲು ತಟ್ಟಬೇಕು?

ಸರ್ಕಾರಿ ಇಲಾಖೆ, ನಿಗಮ, ಮಂಡಳಿಯ ವಿರುದ್ಧ ಹೈಕೋರ್ಟ್ ಆದೇಶ ಇದ್ದರೆ ನಿಂದನೆ ಅರ್ಜಿಯೂ ಹೈಕೋರ್ಟಿಗೇ. ಸಂವಿಧಾನದ 215ನೇ ವಿಧಿಯೇ ಹೈಕೋರ್ಟಿಗೆ ಈ ಅಧಿಕಾರ ಕೊಟ್ಟಿದೆ. ಕರ್ನಾಟಕದಲ್ಲಿ ಈ ಅರ್ಜಿಗಳಿಗೆ ಸಿ.ಸಿ.ಸಿ. ಎಂಬ ಸಂಖ್ಯೆ ಬೀಳುತ್ತದೆ. ಮೂಲ ಆದೇಶ ಬೆಂಗಳೂರಿನದ್ದಾ, ಧಾರವಾಡ ಪೀಠದ್ದಾ, ಕಲಬುರಗಿ ಪೀಠದ್ದಾ ಎಂದು ನೋಡಿ ಅಲ್ಲಿಗೇ ಹೋಗಿ.

ರಾಜ್ಯ ಸರ್ಕಾರಿ ನೌಕರರಿಗೆ ಆಡಳಿತ ನ್ಯಾಯಮಂಡಳಿಯಲ್ಲಿ, ಅಂದರೆ ಕೆಎಟಿಯಲ್ಲಿ, ಆದೇಶ ಆಗಿದ್ದರೆ ಹೈಕೋರ್ಟಿಗೆ ಹೋಗಬೇಕಿಲ್ಲ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 17ನೇ ಸೆಕ್ಷನ್ ಪ್ರಕಾರ ನಿಂದನೆಗೆ ಶಿಕ್ಷೆ ಕೊಡುವ ಅಧಿಕಾರ ಅದಕ್ಕೇ ಇದೆ. ಕೇಂದ್ರ ನೌಕರರ ಕೇಂದ್ರ ಆಡಳಿತ ನ್ಯಾಯಮಂಡಳಿಗೂ, ಅಂದರೆ ಸಿಎಟಿಗೂ, ಹಾಗೆಯೇ.

ಖಾಸಗಿ ಕಾರ್ಖಾನೆ, ಕೈಯಲ್ಲಿರುವುದು ಲೇಬರ್ ಕೋರ್ಟ್ ಅವಾರ್ಡ್ ಮಾತ್ರ ಎಂದಾದರೆ ಸ್ವಲ್ಪ ನಿಲ್ಲಿ. ಇಲ್ಲಿ ನಿಂದನೆ ಅರ್ಜಿ ಮೊದಲ ಅಸ್ತ್ರ ಅಲ್ಲ. "ಜಾರಿ ಮಾಡಿಸಿಕೊಳ್ಳಲು ಬೇರೆ ದಾರಿ ಇದೆಯಲ್ಲ" ಎಂದು ಹೈಕೋರ್ಟ್ ಕಳಿಸಿಬಿಡುವ ಸಂಭವವೇ ಜಾಸ್ತಿ. 1947ರ ಕೈಗಾರಿಕಾ ವಿವಾದಗಳ ಕಾಯ್ದೆಯಲ್ಲಿ ಈ ದಾರಿಗಳಿವೆ:

- ಎಷ್ಟು ಹಣ ಎಂದು ಲೆಕ್ಕ ಸ್ಪಷ್ಟ ಇದ್ದರೆ 33ಸಿ(1). ಸರ್ಕಾರಕ್ಕೆ ಅರ್ಜಿ ಕೊಟ್ಟರೆ ವಸೂಲಿ ಪ್ರಮಾಣಪತ್ರ ಜಿಲ್ಲಾಧಿಕಾರಿಗೆ ಹೋಗುತ್ತದೆ, ಭೂಕಂದಾಯ ಬಾಕಿಯಂತೆ ವಸೂಲಿ ಆಗುತ್ತದೆ. ಗಡುವು ಒಂದು ವರ್ಷ. ತಕ್ಕ ಕಾರಣ ಇದ್ದರೆ ಆಮೇಲೂ ತೆಗೆದುಕೊಳ್ಳಬಹುದು.
- ಮೊತ್ತ ಎಷ್ಟೆಂದು ಇನ್ನೂ ಲೆಕ್ಕ ಹಾಕಬೇಕಿದ್ದರೆ 33ಸಿ(2), ಲೇಬರ್ ಕೋರ್ಟಿನಲ್ಲೇ.
- 2010ರ ತಿದ್ದುಪಡಿಯಲ್ಲಿ ಬಂದ 11(9) ಮತ್ತು 11(10). ಅವಾರ್ಡನ್ನು ಸಿವಿಲ್ ಕೋರ್ಟಿಗೆ ಕಳಿಸಿ ಡಿಕ್ರಿಯಂತೆ, ಅಂದರೆ ಸಿವಿಲ್ ಕೋರ್ಟಿನದೇ ತೀರ್ಪಿನಂತೆ, ಜಾರಿ ಮಾಡಿಸಬಹುದು.
- ಅವಾರ್ಡ್ ಮುರಿದದ್ದಕ್ಕೆ 29ನೇ ಸೆಕ್ಷನ್ ಅಡಿ ಆರು ತಿಂಗಳವರೆಗೆ ಜೈಲು ಅಥವಾ ದಂಡ. ಆದರೆ ಈ ದೂರನ್ನು ಸರ್ಕಾರವೇ ಅಥವಾ ಸರ್ಕಾರದ ಅನುಮತಿಯಲ್ಲೇ ಹಾಕಬೇಕು. ಕಾರ್ಮಿಕ ಇಲಾಖೆಯ ಬೆನ್ನು ಬೀಳದೆ ಇದು ಮುಂದೆ ಹೋಗುವುದಿಲ್ಲ.

2025ರ ನವೆಂಬರ್ 21ರಿಂದ ಈ ಕಾಯ್ದೆಯ ಬದಲಿಗೆ ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದಿರುವುದರಿಂದ ಹೊಸ ಪ್ರಕರಣಗಳಲ್ಲಿ ಸೆಕ್ಷನ್ ಸಂಖ್ಯೆಗಳು ಬೇರೆ. ನಿಮ್ಮ ಅವಾರ್ಡ್ ಯಾವ ಕಾಯ್ದೆಯಡಿ ಆಗಿದೆ ಎಂದು ವಕೀಲರ ಹತ್ತಿರ ಮೊದಲೇ ಖಚಿತ ಮಾಡಿಕೊಳ್ಳಿ.

ಬರೀ ಹಣದ ಡಿಕ್ರಿ ಇರುವವರಿಗೂ ಇದೇ ಮಾತು. ಅದಕ್ಕೆ ಅಮಲ್ಜಾರಿ ಅರ್ಜಿ ಇದೆ. ಕಂಟೆಂಪ್ಟ್ ಅನ್ನುವುದು ವಸೂಲಿ ಏಜೆಂಟ್ ಅಲ್ಲ.

ಪ್ರತಿ ತಲುಪಿಸುವುದು: ಇಲ್ಲೇ ಕೇಸು ನಿಲ್ಲುವುದು, ಇಲ್ಲೇ ಬೀಳುವುದು

ಮೊದಲು ಸರ್ಟಿಫೈಡ್ ಕಾಪಿಗೆ, ಅಂದರೆ ಕೋರ್ಟೇ ದೃಢೀಕರಿಸಿ ಕೊಡುವ ಪ್ರತಿಗೆ, ಅರ್ಜಿ ಹಾಕಿ. ವೆಬ್‌ಸೈಟಿನಿಂದ ಇಳಿಸಿದ ಪ್ರತಿ ಓದಿಕೊಳ್ಳಲು ಸಾಕು, ಎದುರಿನವರಿಗೆ ಕೊಡಲು ಅಲ್ಲ. ಕನಿಷ್ಠ ಎರಡು ಸರ್ಟಿಫೈಡ್ ಕಾಪಿ ತೆಗೆದುಕೊಳ್ಳಿ, ಒಂದು ನಿಮ್ಮ ಫೈಲಿಗೆ.

ಆಮೇಲೆ ಒಂದು ಪುಟದ ಪತ್ರ ಬರೆಯಿರಿ. ಸಿಟ್ಟು ಬೇಡ, ಹಳೇ ಕಥೆ ಬೇಡ. ಹೀಗಿದ್ದರೆ ಸಾಕು:

"ಮಾನ್ಯರೇ, ರಿಟ್ ಅರ್ಜಿ ಸಂಖ್ಯೆ ……ರಲ್ಲಿ ಮಾನ್ಯ ಹೈಕೋರ್ಟ್ ದಿನಾಂಕ ……ರಂದು ನೀಡಿದ ಆದೇಶದ ದೃಢೀಕೃತ ಪ್ರತಿಯನ್ನು ಇದರೊಂದಿಗೆ ಲಗತ್ತಿಸಿದ್ದೇನೆ. ಆದೇಶದಂತೆ 8 ವಾರದೊಳಗೆ ನನ್ನನ್ನು ಕೆಲಸಕ್ಕೆ ತೆಗೆದುಕೊಂಡು ಹಿಂಬಾಕಿ ವೇತನ ಪಾವತಿಸಬೇಕಾಗಿ ಕೋರುತ್ತೇನೆ. ನಾನು ಈ ದಿನದಿಂದಲೇ ಕೆಲಸಕ್ಕೆ ಹಾಜರಾಗಲು ಸಿದ್ಧನಿದ್ದೇನೆ."

ಕೊನೆಯ ಸಾಲು ಸುಮ್ನೆ ಹಾಕಿದ್ದಲ್ಲ. "ಅವರೇ ಬರಲಿಲ್ಲ, ನಾವು ಕಾಯುತ್ತಿದ್ದೆವು" ಎನ್ನುವುದು ಆಡಳಿತದವರ ಹಳೇ ಚಾಳಿ.

ಪತ್ರವನ್ನು ಎರಡು ದಾರಿಯಲ್ಲಿ ಕೊಡಿ. ಒಂದು, ಖುದ್ದಾಗಿ ಟಪಾಲು ವಿಭಾಗಕ್ಕೆ. ನಿಮ್ಮ ಪ್ರತಿಯ ಮೇಲೆ ಸ್ವೀಕೃತಿ ಸೀಲು, ತಾರೀಖು, ಸಹಿ, ಸಾಧ್ಯವಾದರೆ ಇನ್‌ವರ್ಡ್ ನಂಬರ್ ಹಾಕಿಸಿಕೊಳ್ಳಿ. ಎರಡು, ಅಂಚೆಯಲ್ಲಿ, ತಲುಪಿದ ಪುರಾವೆ ಸಿಗುವ ರೀತಿಯಲ್ಲಿ. ಟ್ರ್ಯಾಕಿಂಗ್ ಪುಟವನ್ನು ಅದೇ ವಾರ ಪ್ರಿಂಟ್ ತೆಗೆದಿಡಿ, ಆಮೇಲೆ ಅದು ಸಿಗುವುದಿಲ್ಲ.

ನಾನು ಹತ್ತಿರದಿಂದ ನೋಡಿದ ಒಂದು ಕೇಸಿನಲ್ಲಿ ಮನುಷ್ಯ ಪತ್ರ ಕೊಟ್ಟಿದ್ದು ಸರಿ, ಸೀಲು ಹಾಕಿಸಿಕೊಂಡಿದ್ದೂ ಸರಿ. ಸೀಲಿನ ತಾರೀಖು ಮಾತ್ರ ಅಳಿಸಿದಂತಿತ್ತು, ಯಾವ ತಿಂಗಳು ಎಂದೇ ಓದಲಾಗುತ್ತಿರಲಿಲ್ಲ. ಗಡುವು ಶುರುವಾಗುವುದೇ ಪ್ರತಿ ತಲುಪಿದ ದಿನದಿಂದ. ಎರಡು ವಿಚಾರಣೆ ಪೂರ್ತಿ ಆ ಸೀಲಿನ ಮೇಲೇ ಹೋಯಿತು. ಸೀಲು ಮಸುಕಾಗಿದ್ದರೆ ಅಲ್ಲೇ ನಿಂತು ಪೆನ್ನಿನಲ್ಲಿ ತಾರೀಖು ಬರೆಸಿಕೊಳ್ಳಿ. ಗುಮಾಸ್ತರು ಗೊಣಗಲಿ, ಪರವಾಗಿಲ್ಲ.

ಕೆಲಸಕ್ಕೆ ತೆಗೆದುಕೊಳ್ಳಬೇಕು ಎಂಬ ಆದೇಶ ಇದ್ದರೆ ಹಾಜರಾತಿ ವರದಿ ಬರೆದುಕೊಂಡು ಗೇಟಿಗೂ ಹೋಗಿ. ಒಳಗೆ ಬಿಡದಿದ್ದರೆ ಜಗಳ ಬೇಡ. ಹೋದ ದಿನ, ಸಮಯ, ಮಾತಾಡಿದವರು ಯಾರು ಎಂದು ಅದೇ ಸಂಜೆ ಆಡಳಿತಕ್ಕೆ ಇಮೇಲ್ ಮಾಡಿ. ಆರು ತಿಂಗಳ ನಂತರ ಬರೆದ ಅಫಿಡವಿಟ್‌ಗಿಂತ ಆ ದಿನದ ಇಮೇಲ್‌ಗೆ ತೂಕ ಜಾಸ್ತಿ.

ಸ್ಟೇ ತಂದಿದ್ದಾರಾ ನೋಡಿ

"ನಾವು ಅಪೀಲು ಹಾಕಿದ್ದೇವೆ" ಎಂದರೆ ಹೆದರಬೇಡಿ. ಅಪೀಲು ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ, ಸ್ಟೇ ಸಿಗಬೇಕು. ಆದರೆ ಸ್ಟೇ ಅರ್ಜಿ ಇನ್ನೂ ಬಾಕಿ ಇದ್ದರೆ, ಮೊದಲು ಅದು ತೀರ್ಮಾನ ಆಗಲಿ ಎಂದು ನಿಂದನೆ ಪೀಠ ಕಾಯುವುದು ಸಹಜ. ಹಾಗಾಗಿ ಗೆದ್ದ ವಾರದಲ್ಲೇ ಕೇವಿಯಟ್, ಅಂದರೆ ನನ್ನ ಮಾತು ಕೇಳದೆ ಆದೇಶ ಕೊಡಬೇಡಿ ಎಂಬ ಮುಂಚಿತ ಅರ್ಜಿ, ಹಾಕುವುದು ಜಾಣತನ. ಕೇವಿಯಟ್ 90 ದಿನ ಇರುತ್ತದೆ. ಅಷ್ಟರಲ್ಲಿ ನಿಮಗೆ ಹೇಳದೆ ಸ್ಟೇ ಕೊಡಿಸಿಕೊಳ್ಳುವುದು ಕಷ್ಟ. ಇ-ಕೋರ್ಟ್ಸ್ ಮತ್ತು ಹೈಕೋರ್ಟ್ ವೆಬ್‌ಸೈಟಿನಲ್ಲಿ ಕಂಪನಿಯ ಹೆಸರು ಹಾಕಿ ವಾರಕ್ಕೊಮ್ಮೆ ಹುಡುಕಿ.

ಕೆಲಸಕ್ಕೆ ತೆಗೆದುಕೊಳ್ಳಿ ಎಂಬ ಲೇಬರ್ ಕೋರ್ಟ್ ಅವಾರ್ಡನ್ನು ಮಾಲೀಕರು ಹೈಕೋರ್ಟಿನಲ್ಲಿ ಪ್ರಶ್ನಿಸಿದ್ದರೆ 1947ರ ಕೈಗಾರಿಕಾ ವಿವಾದಗಳ ಕಾಯ್ದೆಯ 17ಬಿ ಸೆಕ್ಷನ್ ಮರೆಯಬೇಡಿ. ಆ ಕೇಸು ನಡೆಯುವಷ್ಟು ಕಾಲ ನೀವು ಕೊನೆಗೆ ಪಡೆಯುತ್ತಿದ್ದ ಪೂರ್ತಿ ಸಂಬಳವನ್ನು ಅವರು ಕೊಡಬೇಕು. ಬೇರೆಲ್ಲೂ ಕೆಲಸದಲ್ಲಿಲ್ಲ ಎಂದು ನೀವು ಅಫಿಡವಿಟ್ ಹಾಕಬೇಕು, ಅಷ್ಟೇ. ಮನೆಯಲ್ಲಿ ಒಲೆ ಉರಿಯಬೇಕಲ್ಲ, ಈ ಅರ್ಜಿಯನ್ನು ಎಷ್ಟೋ ಜನ ಹಾಕುವುದೇ ಇಲ್ಲ.

ಒಂದು ವರ್ಷದ ಲೆಕ್ಕ

ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಸೆಕ್ಷನ್: ನಿಂದನೆ ನಡೆದ ದಿನದಿಂದ ಒಂದು ವರ್ಷ ಕಳೆದ ಮೇಲೆ ಪ್ರಕರಣ ಶುರು ಮಾಡುವಂತಿಲ್ಲ. ಆ ವರ್ಷದೊಳಗೆ ಅರ್ಜಿ ಸಲ್ಲಿಸಿದರೆ ಸಾಕು ಎಂದು ಸುಪ್ರೀಂ ಕೋರ್ಟ್ 2001ರಲ್ಲಿ ಪಲ್ಲವ್ ಶೇಠ್ ಪ್ರಕರಣದಲ್ಲಿ ಹೇಳಿದೆ.

ಒಂದು ಉದಾಹರಣೆ. ಆದೇಶದ ಪ್ರತಿಯನ್ನು 2024ರ ಜುಲೈ 1ಕ್ಕೆ ಕೊಟ್ಟಿರಿ. ಗಡುವು 8 ವಾರ, ಅಂದರೆ 56 ದಿನ. ಆಗಸ್ಟ್ 26ಕ್ಕೆ ಮುಗಿಯಿತು. ಆಗಸ್ಟ್ 27ರಿಂದ ಅವರು ಆದೇಶ ಮೀರಿದವರು. ನಿಮ್ಮ ಅರ್ಜಿ 2025ರ ಆಗಸ್ಟ್ 26ರ ಒಳಗೆ ಕೋರ್ಟಿನಲ್ಲಿ ಇರಬೇಕು. ಕೊನೇ ವಾರದ ತನಕ ಕಾಯಬೇಡಿ. ಕಚೇರಿ ಆಕ್ಷೇಪಣೆ ಹಾಕಿ ವಾಪಸ್ ಕೊಟ್ಟರೆ ಸರಿಪಡಿಸಲು ಟೈಮು ಬೇಕು.

"ಇನ್ನೂ ಕೊಟ್ಟಿಲ್ಲ, ಹಾಗಾಗಿ ತಪ್ಪು ದಿನಾ ಮುಂದುವರಿಯುತ್ತಿದೆ" ಎಂಬ ವಾದ ಇದೆ. ಅದನ್ನು ನಂಬಿ ಕೂರಬೇಡಿ. ಮತ್ತೆ ಮತ್ತೆ ಮನವಿ ಪತ್ರ ಕೊಟ್ಟರೂ, ಲೀಗಲ್ ನೋಟಿಸ್ ಕಳಿಸಿದರೂ ಗಡುವು ಮುಂದೆ ಹೋಗುವುದಿಲ್ಲ. "ಮುಂದಿನ ಬೋರ್ಡ್ ಮೀಟಿಂಗ್‌ನಲ್ಲಿ ಮಾಡ್ತೀವಿ" ಎಂದು ಹತ್ತು ತಿಂಗಳು ಓಡಾಡಿಸಿ, ಹದಿಮೂರನೇ ತಿಂಗಳು "ಟೈಮ್ ಆಗೋಯ್ತು" ಅನ್ನುವವರೂ ಇದ್ದಾರೆ.

ಆದೇಶದಲ್ಲಿ ಗಡುವೇ ಇಲ್ಲದಿದ್ದರೆ? ಪ್ರತಿ ಕೊಟ್ಟು, ನ್ಯಾಯಯುತವಾದ ಒಂದು ಅವಧಿ ಹೇಳಿ ನೋಟಿಸ್ ಕಳಿಸಿ. ವರ್ಷವನ್ನು ಮಾತ್ರ ಪ್ರತಿ ತಲುಪಿದ ದಿನದಿಂದಲೇ ಲೆಕ್ಕ ಹಾಕಿಕೊಂಡರೆ ಕ್ಷೇಮ.

ಯಾರ ಹೆಸರು ಹಾಕಬೇಕು

ಮೂಲ ಕೇಸಿನಲ್ಲಿ "ವ್ಯವಸ್ಥಾಪಕ ನಿರ್ದೇಶಕರು" ಎಂದು ಹುದ್ದೆ ಇದ್ದರೆ ಸಾಕಿತ್ತು. ಇಲ್ಲಿ ಸಾಲದು. ಶಿಕ್ಷೆ ಕುರ್ಚಿಗೆ ಆಗುವುದಿಲ್ಲ, ಮನುಷ್ಯನಿಗೆ ಆಗುತ್ತದೆ. ಹುದ್ದೆಯ ಜೊತೆ ಹೆಸರೂ ಬೇಕು. ಆದೇಶ ತಲುಪಿದಾಗ ಯಾರಿದ್ದರು, ಈಗ ಯಾರಿದ್ದಾರೆ ಎಂದು ಪತ್ತೆ ಮಾಡಿ. ಮೊನ್ನೆ ವರ್ಗವಾಗಿ ಬಂದ ಅಧಿಕಾರಿಗೆ ಆದೇಶವೇ ಗೊತ್ತಿಲ್ಲದಿರಬಹುದು, ಅವರಿಗೊಂದು ಪ್ರತಿ ಕಳಿಸಿ. ಹೆಸರು ಸಿಗದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಬಹುದು. ಕಂಪನಿಯಾದರೆ ನಿರ್ದೇಶಕರ ಹೆಸರು ಕಾರ್ಪೊರೇಟ್ ವ್ಯವಹಾರಗಳ ಸಚಿವಾಲಯದ ವೆಬ್‌ಸೈಟಿನಲ್ಲಿ ಸಿಗುತ್ತದೆ. ಕಂಪನಿ ಕೋರ್ಟಿಗೆ ಕೊಟ್ಟ ಮಾತು ಮುರಿದಿದ್ದರೆ, ನಿಂದನೆ ಕಾಯ್ದೆಯ 12(4) ಸೆಕ್ಷನ್ ಪ್ರಕಾರ ಆಗ ಕಂಪನಿಯ ವ್ಯವಹಾರ ನೋಡಿಕೊಳ್ಳುತ್ತಿದ್ದವರೂ ಹೊಣೆಗಾರರು.

ಹಾಗಂತ ಹದಿನೈದು ಜನರನ್ನು ಎಳೆಯಬೇಡಿ. ಆದೇಶ ಜಾರಿ ಮಾಡುವ ಅಧಿಕಾರ ಇರುವ ಒಬ್ಬಿಬ್ಬರು ಸಾಕು. ನಿಮ್ಮನ್ನು ಬೈದ ಸೂಪರ್‌ವೈಸರ್ ಮೇಲೆ ಸಿಟ್ಟು ತೀರಿಸಿಕೊಳ್ಳುವ ಜಾಗ ಇದಲ್ಲ.

ಅರ್ಜಿ

ಹೈಕೋರ್ಟಿನಲ್ಲಿ ಇದು ನಿಂದನೆ ಕಾಯ್ದೆಯ 11 ಮತ್ತು 12ನೇ ಸೆಕ್ಷನ್ ಹಾಗೂ 215ನೇ ವಿಧಿಯಡಿ ಹೋಗುತ್ತದೆ. ಸಿವಿಲ್ ನಿಂದನೆಗೆ ಅಡ್ವೊಕೇಟ್ ಜನರಲ್ ಒಪ್ಪಿಗೆ ಬೇಡ, ಅದು ಕ್ರಿಮಿನಲ್ ನಿಂದನೆಯ ನಿಯಮ. ಅರ್ಜಿಗೆ ನಾಲ್ಕೈದು ಪುಟ ಧಾರಾಳ ಸಾಕು: ಆದೇಶದ ಕೊನೆಯ ಸಾಲುಗಳು ಇದ್ದ ಹಾಗೇ, ಪ್ರತಿ ತಲುಪಿದ ದಿನ, ಗಡುವು ಮುಗಿದ ದಿನ, ಏನೇನು ಆಗಿಲ್ಲ, ಸ್ಟೇ ಇಲ್ಲ ಎಂಬ ಹೇಳಿಕೆ. ಜೊತೆಗೆ ಅಫಿಡವಿಟ್, ಸರ್ಟಿಫೈಡ್ ಕಾಪಿ, ಸ್ವೀಕೃತಿ. ಹಣದ ಬಾಕಿ ಇದ್ದರೆ ತಿಂಗಳುವಾರು ಲೆಕ್ಕದ ಪಟ್ಟಿ ಲಗತ್ತಿಸಿ. ಸ್ವಲ್ಪ ಕೊಟ್ಟಿದ್ದರೆ ಅದನ್ನೂ ಬರೆಯಿರಿ, ಮುಚ್ಚಿಟ್ಟರೆ ನಿಮ್ಮ ಮೇಲೇ ತಿರುಗುತ್ತದೆ.

ವಕೀಲರ ಫೀಸು ಕಷ್ಟ ಎಂದಾದರೆ: 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಸೆಕ್ಷನ್‌ನಲ್ಲಿ ಉಚಿತ ವಕೀಲರ ಸೌಲಭ್ಯ ಪಡೆಯುವವರ ಪಟ್ಟಿಯಲ್ಲಿ ಕೈಗಾರಿಕಾ ಕಾರ್ಮಿಕರೂ ಇದ್ದಾರೆ. ಹೈಕೋರ್ಟಿನಲ್ಲೇ ಕಾನೂನು ಸೇವಾ ಸಮಿತಿಯ ಕಚೇರಿ ಇದೆ, ಅಲ್ಲಿ ಕೇಳಿ.

ಅರ್ಜಿ ಹಾಕಿದ ಮೇಲೆ

ಪೀಠಕ್ಕೆ ಮೇಲ್ನೋಟಕ್ಕೆ ಹುರುಳಿದೆ ಅನ್ನಿಸಿದರೆ ನೋಟಿಸ್ ಹೋಗುತ್ತದೆ. ಆಡಳಿತ ಎಚ್ಚೆತ್ತುಕೊಳ್ಳುವುದು ಹೆಚ್ಚಾಗಿ ಇಲ್ಲೇ. ಇದ್ದಕ್ಕಿದ್ದ ಹಾಗೆ ಎಚ್.ಆರ್.ನಿಂದ ಫೋನು ಬರುತ್ತದೆ, "ಅರ್ಜಿ ವಾಪಸ್ ತಗೊಳ್ಳಿ, ಆಮೇಲೆ ಆರ್ಡರ್ ಕೊಡ್ತೀವಿ" ಎಂದು. ಮೊದಲು ಆರ್ಡರ್ ಕೈಗೆ ಬರಲಿ, ಹಣ ಖಾತೆಗೆ ಬೀಳಲಿ. ವಾಪಸ್ ತೆಗೆದುಕೊಳ್ಳುವುದು ಆಮೇಲಿನ ಮಾತು.

ಎದುರಿನವರು ಪಾಲನಾ ಅಫಿಡವಿಟ್ ಹಾಕುತ್ತಾರೆ, ಅಂದರೆ ಆದೇಶ ಪಾಲಿಸಿದ್ದೇವೆ ಎಂಬ ಪ್ರಮಾಣಪತ್ರ. ಅದನ್ನು ಆದೇಶದ ಪಕ್ಕದಲ್ಲಿಟ್ಟು ಸಾಲು ಸಾಲಾಗಿ ಹೋಲಿಸಿ. ಕೆಲಸ ಕೊಟ್ಟಿದ್ದಾರೆ, ಆದರೆ ಹೊಸ ನೇಮಕ ಎಂದು ಬರೆದಿದ್ದಾರಾ? ಸೇವಾ ನಿರಂತರತೆ ಕೊಡಿ ಎಂದು ಆದೇಶ ಇದ್ದಿದ್ದರೆ ಅದು ಪಾಲನೆ ಅಲ್ಲ. ಮೂಲ ವೇತನದ ಮೇಲೆ ಮಾತ್ರ ಹಿಂಬಾಕಿ ಲೆಕ್ಕ ಹಾಕಿ ಭತ್ಯೆ ಬಿಟ್ಟಿದ್ದಾರಾ? ಹಾಜರಿ ಹಾಕಿಸಿ ಕೆಲಸ ಕೊಡದೆ ಮೂಲೆಯಲ್ಲಿ ಕೂರಿಸಿದ್ದಾರಾ? ಕೊರತೆ ಇದ್ದರೆ ತಡ ಮಾಡದೆ ಆಕ್ಷೇಪಣೆ ಸಲ್ಲಿಸಿ. ಆದರೆ ಆದೇಶದಲ್ಲಿ ಇಲ್ಲದ್ದನ್ನು, ಅಂದರೆ ಬಡ್ತಿ, ಬಡ್ಡಿ, ಬೇಕಾದ ಊರಿಗೆ ಪೋಸ್ಟಿಂಗ್, ಇಲ್ಲಿ ಕೇಳಲಾಗದು. ನಿಂದನೆ ಪೀಠ ಮೂಲ ಆದೇಶಕ್ಕೆ ಹೊಸದಾಗಿ ಏನನ್ನೂ ಸೇರಿಸುವುದಿಲ್ಲ.

ಆಗಲೂ ಬಗ್ಗದಿದ್ದರೆ ಅಧಿಕಾರಿ ಖುದ್ದಾಗಿ ಬರಬೇಕಾಗಬಹುದು, ಆರೋಪ ಹೊರಿಸುವ ಹಂತ ಬರುತ್ತದೆ. ಗರಿಷ್ಠ ಶಿಕ್ಷೆ ಆರು ತಿಂಗಳ ಸಾದಾ ಸೆರೆವಾಸ, ಅಥವಾ 2,000 ರೂಪಾಯಿ ದಂಡ, ಅಥವಾ ಎರಡೂ. ಸಿವಿಲ್ ನಿಂದನೆಗೆ ಸಾಮಾನ್ಯವಾಗಿ ದಂಡವೇ, ಅದು ಸಾಲದು ಅನ್ನಿಸಿದರೆ ಮಾತ್ರ ಸೆರೆ. ಮನಸ್ಸಿನಿಂದ ಕ್ಷಮೆ ಕೇಳಿದರೆ ಬಿಟ್ಟುಬಿಡಲೂಬಹುದು. ಜೈಲು ಅಪರೂಪ, ಆದರೆ ಆಗಿಲ್ಲ ಅಂತಿಲ್ಲ. 1995ರಲ್ಲಿ ಒಬ್ಬ ಎಂಜಿನಿಯರ್‌ನ ಸೇವಾ ವಿಷಯದ ಆದೇಶ ಪಾಲಿಸದ್ದಕ್ಕೆ ಕರ್ನಾಟಕದ ಒಬ್ಬ ಹಿರಿಯ ಐಎಎಸ್ ಅಧಿಕಾರಿಗೆ ಸುಪ್ರೀಂ ಕೋರ್ಟ್ ಒಂದು ತಿಂಗಳ ಸೆರೆವಾಸ ವಿಧಿಸಿತ್ತು. ಕಚೇರಿಗಳಲ್ಲಿ ಕಂಟೆಂಪ್ಟ್ ಫೈಲು ಬೇರೆ ಫೈಲುಗಳಿಗಿಂತ ಬೇಗ ಓಡುವುದಕ್ಕೆ ಇಂಥ ನೆನಪುಗಳೂ ಕಾರಣ.

ದಂಡದ ಹಣ ನಿಮಗೆ ಬರುವುದಿಲ್ಲ. ಈ ಹಂತದಲ್ಲಿ ವಿಷಯ ಕೋರ್ಟಿಗೂ ಆದೇಶ ಮೀರಿದವರಿಗೂ ಸೇರಿದ್ದು, ನೀವು ಸುದ್ದಿ ಮುಟ್ಟಿಸಿದವರು ಮಾತ್ರ. ಇದರಿಂದ ಇನ್ನೊಂದು ತೊಡಕೂ ಇದೆ. ನಿಂದನೆ ಕಾಯ್ದೆಯ 19ನೇ ಸೆಕ್ಷನ್‌ನಲ್ಲಿ ಅಪೀಲು ಇರುವುದು ಶಿಕ್ಷೆ ಆದವರಿಗೆ. ನಿಮ್ಮ ಅರ್ಜಿಯನ್ನು "ನಿಂದನೆ ಆಗಿಲ್ಲ" ಎಂದು ಮುಚ್ಚಿದರೆ ಆ ಸೆಕ್ಷನ್ ಅಡಿ ನಿಮಗೆ ಅಪೀಲು ಇಲ್ಲ, ಸುಪ್ರೀಂ ಕೋರ್ಟಿನಲ್ಲಿ ವಿಶೇಷ ಅನುಮತಿ ಅರ್ಜಿಯೊಂದೇ ಉಳಿಯುವುದು. ಅದಕ್ಕೇ ಅರ್ಜಿ ಮುಚ್ಚುವ ದಿನ ವಕೀಲರು ಎರಡು ಮಾತು ಕೇಳಿ ಬರೆಸಿಕೊಳ್ಳಬೇಕು: ಹೊಸ ಹಿಂಬರಹವನ್ನು ಪ್ರಶ್ನಿಸುವ ಹಕ್ಕು ಉಳಿದಿದೆ ಎಂದು, ಮತ್ತು ಕೊಟ್ಟ ಮಾತು ತಪ್ಪಿದರೆ ಈ ಅರ್ಜಿಗೇ ಮತ್ತೆ ಜೀವ ಕೊಡಬಹುದು ಎಂದು.